ನೆನಪು ಕಳಚುವ ಮಾಟಗಾರರಿಗೆ

ನಮ್ಮ ರೂಮಿನ ಗೆಳೆಯನೊಬ್ಬ ಮೊನ್ನೆ ರಾತ್ರಿ ಒಂದು ಕಥೆ ಹೇಳಿದ. ಎಲ್ಲೋ ಒಂದು ಕಡೆ ಮಾಟದ ವಿದ್ಯೆ ಕಲಿಸುತ್ತಾರಂತೆ. ಕಲಿತವನು ಮನುಷ್ಯನ ತಲೆಯೊಳಗಿನ ನೆನಪನ್ನು ಹಳೇ ಮನೆಯ ತೊಲೆ ಜಂತೆ ಇಳಿಸಿದ ಹಾಗೆ ಒಂದೊಂದಾಗಿ ಕಳಚಿ, ತನಗೆ ಬೇಕಾದ ಹಾಗೆ ಮತ್ತೆ ಕಟ್ಟುತ್ತಾನಂತೆ. ಕಳಚಿಸಿಕೊಂಡವನಿಗೆ ಗೊತ್ತೇ ಆಗಲ್ಲವಂತೆ. "ಎಂಥಾ ಕಲ್ಪನೆ ನೋಡ್ಲಾ!" ಅಂದ. ಎಲ್ಲರೂ ಬಾಯಿ ಬಿಟ್ಟುಕೊಂಡು ಕೇಳಿದರು. ನನಗೆ ನಗು ಬಂತು. ಕಲ್ಪನೆ ಎಲ್ಲಿಂದ ಬಂತು ಗೆಳೆಯರೇ? ಈ ಮಾಟ ನಮ್ಮ ದೇಶದಲ್ಲಿ ಹಾಡುಹಗಲೇ ನಡೆದಿದೆ.

ಮಹಾರಾಷ್ಟ್ರದ ಮಹಾಡ್ ಪಟ್ಟಣವನ್ನೇ ನೋಡಿ. ಅಲ್ಲಿನ ಚವದಾರ್ ಕೆರೆ ಎಲ್ಲರಿಗೂ ಮುಕ್ತ ಅಂತ 1924ರಲ್ಲೇ ಪುರಸಭೆ ಠರಾವು ಮಾಡಿತ್ತು. ಠರಾವು ಕಾಗದದಲ್ಲಿತ್ತು, ನೀರು ಕೆರೆಯಲ್ಲಿತ್ತು. 1927ರ ಮಾರ್ಚ್ 20ರಂದು ಬಾಬಾಸಾಹೇಬರು ತಮ್ಮ ಜನರ ಜೊತೆ ಹೋಗಿ ಆ ನೀರು ಕುಡಿದರು. ಆಮೇಲೇನಾಯಿತು? ಹೊಡೆದರು, ಬಡಿದರು. ಅಷ್ಟಕ್ಕೇ ಸಮಾಧಾನ ಆಗಲಿಲ್ಲ. ಸಗಣಿ, ಗಂಜಲ, ಹಾಲು, ಮೊಸರು ತುಂಬಿದ 108 ಮಡಕೆಗಳನ್ನು ಮಂತ್ರ ಹೇಳಿ ಕೆರೆಯಲ್ಲಿ ಅದ್ದಿದರು. ಕೆರೆ ಶುದ್ಧವಾಯಿತಂತೆ! ದನ ಕುಡಿದದ್ದನ್ನು, ನಾಯಿ ನೆಕ್ಕಿದ್ದನ್ನು ನೆನಪಿಟ್ಟುಕೊಳ್ಳದ ನೀರು ನಮ್ಮ ಬೊಗಸೆಯನ್ನು ಮಾತ್ರ ನೆನಪಿಟ್ಟುಕೊಂಡಿತ್ತು ಅಂತ ಇದರರ್ಥ ತಾನೇ? ಆ ನೆನಪನ್ನು ನೀರಿನಿಂದ ಕಳಚಿ ತೆಗೆದರು. ಇದು ಮಾಟವಲ್ಲದೆ ಮತ್ತೇನು ಸ್ವಾಮಿ?

ಕಳಚಿದ ಮೇಲೆ ಕಟ್ಟಬೇಕಲ್ಲ. ಅದಕ್ಕೆ ಕೋರ್ಟಿಗೆ ಹೋದರು. ಈ ಕೆರೆಯನ್ನು ಅಸ್ಪೃಶ್ಯರು ಮುಟ್ಟದಿರುವುದು ಅನಾದಿ ಕಾಲದ ರೂಢಿ ಅಂದರು. ಅನಾದಿ! ಯಾರ ನೆನಪಿಗೂ ನಿಲುಕದ ಕಾಲ ಇವರ ನೆನಪಿಗೆ ಮಾತ್ರ ನಿಲುಕಿಬಿಟ್ಟಿದೆ. 1937ರಲ್ಲಿ ಬೊಂಬಾಯಿ ಹೈಕೋರ್ಟು, ಆ ಅನಾದಿ ರೂಢಿ ಸಾಬೀತಾಗಿಲ್ಲ ಅಂತ ತೀರ್ಪು ಕೊಟ್ಟಿತು. ಒಂದು ಬೊಗಸೆ ನೀರಿಗೆ ಹತ್ತು ವರ್ಷ.

ಆ ಮಂತ್ರ ಈಗ ಬೇರೆ ಬಾಯಲ್ಲಿದೆ. ಭಾಷಣಕ್ಕೆ ಬರುವ ದೊಡ್ಡ ಮನುಷ್ಯರು, "ಹಳೇದೆಲ್ಲ ಮರೀರಪ್ಪ, ಈಗೆಲ್ಲಿದೆ ಜಾತಿ?" ಅಂತಾರೆ. ಮರೀತೀವಿ. ತಾವು ಮೊದಲು ಮರೆತು ತೋರಿಸಿ. ಗೋತ್ರ ಮರೆತಿರಾ? ಮುತ್ತಾತನ ಹೆಸರಿನ ಪಹಣಿ ಮರೆತಿರಾ? ಮಗಳ ಮದುವೆಯ ಜಾಹೀರಾತಿನಲ್ಲಿ ಒಳಪಂಗಡ ಬರೆಸೋದು ಮರೆತಿರಾ?

ಮರೆಯುವುದು ಹೇಗೆ ಅಂತ ಕಂಬಾಲಪಲ್ಲಿಯನ್ನು ಕೇಳಬೇಕು. ಆಗಿನ ಕೋಲಾರ ಜಿಲ್ಲೆ, ಚಿಂತಾಮಣಿ ತಾಲ್ಲೂಕು. 2000ದ ಮಾರ್ಚ್ 11ರ ರಾತ್ರಿ ಏಳು ಜನ ದಲಿತರನ್ನು ಜೀವಂತ ಸುಟ್ಟರು. ಕೇಸು ನಡೆಯಿತು. ಸಾಕ್ಷಿಗಳು ತಿರುಗಿಬಿದ್ದರು. 2006ರಲ್ಲಿ ಆರೋಪಿಗಳ ಖುಲಾಸೆ ಆಯಿತು. ಹೊತ್ತಿ ಉರಿಯುವ ಮನೆ ಕಂಡ ಕಣ್ಣು ಮರೆಯುತ್ತದೆಯೇ? ಮರೆಯಲ್ಲ. ಆದರೆ ಸಾಕ್ಷಿ ಹೇಳಿ ಬಂದ ಮೇಲೂ ಅದೇ ಸೀಮೆಯಲ್ಲಿ ಕೂಲಿ ಕೇಳಬೇಕು, ಅದೇ ಅಂಗಡಿಯಲ್ಲಿ ಸಾಲ ಹೇಳಬೇಕು. ಈ ಮಾಟಕ್ಕೆ ಮಡಕೆ ಬೇಡ, ಗಂಜಲ ಬೇಡ. ಏಳು ಜನ ಸತ್ತರು, ಕೊಂದವರು ಯಾರೂ ಇಲ್ಲ. ಕೋರ್ಟಿನ ಕಡತದಲ್ಲಿ ಉಳಿದ ನೆನಪು ಇದು.

ಬೇರೆಯವರನ್ನು ಬೈದದ್ದಾಯಿತು, ನನ್ನದೂ ಹೇಳಬೇಕು. ಕಾಲೇಜಿನ ಮೊದಲ ದಿನ ಮೇಷ್ಟ್ರು ಒಬ್ಬರು ಎಲ್ಲರ ಮುಂದೆ, "ನಿಮ್ಮಪ್ಪ ಏನ್ ಮಾಡ್ತಾರೆ?" ಅಂದರು. "ವ್ಯವಸಾಯ ಸಾರ್" ಅಂದೆ. ನಮ್ಮಪ್ಪ ಕಂಡವರ ಹೊಲದಲ್ಲಿ ಕೂಲಿ, ಜಾತ್ರೆ ಬಂದರೆ ತಮಟೆ. ಒಂದು ಸಲ ಹೇಳಿದ್ದನ್ನು ಮೂರು ವರ್ಷ ಹೇಳಿದೆ. ಗೆಳೆಯರು ಕೇಳಿದಾಗ ಎರಡೆಕರೆ ಅಂದೆ, ಆಮೇಲೆ ಬಾವಿ ಸೇರಿಸಿದೆ. ಹೇಳೀ ಹೇಳೀ ಕೊನೆಗೆ ಆ ಹೊಲ ನನಗೇ ಕಾಣೋಕೆ ಶುರುವಾಯಿತು. ಬದುವಿನ ಮೇಲೆ ಹುಣಸೆ ಮರ, ಅದರ ನೆರಳಲ್ಲಿ ಬುತ್ತಿ ಬಿಚ್ಚುವ ಅಪ್ಪ. ಇಲ್ಲದ ಮರದ ನೆರಳಲ್ಲಿ ಕೂತು ನಾನು ಪದ್ಯ ಕೂಡ ಬರೆದೆ. ಯಾವ ಪುರೋಹಿತನೂ ಬಂದು ನನ್ನ ತಲೆ ಬಿಚ್ಚಲಿಲ್ಲ. ಇಡೀ ಕ್ಲಾಸು ನೋಡುತ್ತಿದ್ದ ಆ ನೋಟ ಸಾಕಾಯಿತು, ಮಿಕ್ಕಿದ್ದು ನಾನೇ ಮಾಡಿಕೊಂಡೆ. ನಮ್ಮೊಳಗೇ ಕೆಲವರು ಒಂದು ಕಾಲಕ್ಕೆ ನಾವೆಲ್ಲ ರಾಜರಾಗಿದ್ದೆವು ಅಂತ ಬರೆಯುತ್ತಾರಲ್ಲ, ಅದೂ ಇಂಥದೇ ಹುಣಸೆ ಮರ ಅಂತ ನನ್ನ ಗುಮಾನಿ. ಬೈಯುವವರು ಬೈಯಲಿ.

ಆ ಪದ್ಯ ಹರಿದು ಹಾಕಿದೆ. ಬೇಸಿಗೆ ರಜೆಯಲ್ಲಿ ಊರಿಗೆ ಹೋಗಿ ಅಜ್ಜಿಯ ಪಕ್ಕ ನೋಟ್‌ಬುಕ್ ಹಿಡಿದು ಕೂತೆ.

"ಅದ್ಯಾಕ್ಲಾ ಮಗ ಈಗ? ನೀನು ಓದಿದೋನು" ಅಂತು. ಬಿಡಲಿಲ್ಲ. ಹೋಟೆಲಿನ ಹಿಂದೆ ನಿಂತು ತೆಂಗಿನ ಚಿಪ್ಪಿನಲ್ಲಿ ಟೀ ಹುಯ್ಯಿಸಿಕೊಳ್ಳುತ್ತಿದ್ದರಂತೆ. ಕುಡಿದು, ತೊಳೆದು, ಚಿಪ್ಪನ್ನು ಅಲ್ಲೇ ಬೇಲಿಗೆ ಸಿಕ್ಕಿಸಿ ಬರಬೇಕಿತ್ತಂತೆ.

"ಅಷ್ಟೊಂದರಲ್ಲಿ ನಿಂದು ಯಾವುದು ಅಂತ ಹೆಂಗೆ ಗೊತ್ತಾಗ್ತಿತ್ತಜ್ಜಿ?"

"ನನ್ನ ಚಿಪ್ಪಿನ ಅಂಚು ಒಂದು ಕಡೆ ಮುಕ್ಕಾಗಿತ್ತು ಕಣ್ಲಾ. ತುಟಿ ಕುಯ್ತಿತ್ತು. ಅದಕ್ಕೆ ಈ ಕಡೆಯಿಂದ ಕುಡೀತಿದ್ದೆ" ಅಂತ ಕೈಯಲ್ಲಿ ಚಿಪ್ಪು ಇದ್ದ ಹಾಗೇ ತಿರುಗಿಸಿ ತೋರಿಸಿತು.

ಯಾವ ಕಡೆ ಅಂತ ಬರೆದುಕೊಂಡಿದ್ದೇನೆ.