ಜೆಸಿಬಿ ಬರುವ ಮೊದಲು ಸರ್ವೆ ಆಗಲಿ

ಸರ್ಕಾರಿ ಜಾಗದ ಒತ್ತುವರಿ ತೆರವಾಗಲೇಬೇಕು. ಕೆರೆ, ರಾಜಕಾಲುವೆ, ಗೋಮಾಳ, ಸ್ಮಶಾನ ಇಡೀ ಊರಿಗೆ ಸೇರಿದವು. ಇದರಲ್ಲಿ ನನಗೆ ಎರಡು ಮಾತಿಲ್ಲ. ಆದರೆ ಪೊಲೀಸರ ಜೊತೆ ಜೆಸಿಬಿ ಬಾಗಿಲಿಗೆ ಬಂದು ನಿಂತ ಮೇಲಷ್ಟೇ ಮನೆಯವರಿಗೆ ವಿಷಯ ಗೊತ್ತಾಗುವುದನ್ನು ಒಪ್ಪಲಾಗದು.

2024ರ ನವೆಂಬರ್ 13ರಂದು ಸುಪ್ರೀಂ ಕೋರ್ಟ್ ಕಟ್ಟಡ ಕೆಡವುವುದಕ್ಕೆ ಕಟ್ಟುನಿಟ್ಟಿನ ಕ್ರಮ ಹಾಕಿಕೊಟ್ಟಿತು. 15 ದಿನ ಮೊದಲು ನೋಟಿಸ್ ಕೊಡಬೇಕು, ಅದನ್ನು ಕಟ್ಟಡಕ್ಕೂ ಅಂಟಿಸಬೇಕು, ಅಹವಾಲು ಕೇಳಬೇಕು, ಆದೇಶದಲ್ಲಿ ಕಾರಣ ಬರೆಯಬೇಕು. ಆದೇಶವಾದ ಮೇಲೂ 15 ದಿನ ಕಾಯಬೇಕು. ಆದರೆ ರಸ್ತೆ, ಫುಟ್‌ಪಾತ್, ರೈಲು ಹಳಿಯ ಪಕ್ಕ, ನದಿ ಮತ್ತು ಜಲಮೂಲಗಳಲ್ಲಿರುವ ಅನಧಿಕೃತ ಕಟ್ಟಡಗಳಿಗೆ ಇದು ಅನ್ವಯಿಸದು ಎಂದೂ ಅದೇ ತೀರ್ಪು ಹೇಳಿತು. ತಕರಾರು ಶುರುವಾಗುವುದು ಇಲ್ಲಿಯೇ. ‘ಇದು ಕೆರೆ ಜಾಗ, ನೋಟಿಸ್ ಬೇಕಿಲ್ಲ’ ಎಂದುಬಿಡುವುದು ಸುಲಭ. ಅದು ಕೆರೆ ಜಾಗ ಹೌದೋ ಅಲ್ಲವೋ ಎಂಬುದೇ ಜಗಳವಾಗಿರುವಾಗ, ಒಂದು ಕಡೆಯವರೇ ಅದನ್ನು ತೀರ್ಮಾನಿಸಿ ಕೆಡವಿಬಿಟ್ಟರೆ ಹೇಗೆ?

ವಿನಾಯಿತಿ ಕೊಟ್ಟ ಮಾತ್ರಕ್ಕೆ ಉಳಿದ ಕಾನೂನುಗಳು ಅಳಿಸಿಹೋಗುವುದಿಲ್ಲ. ನಮ್ಮ 1964ರ ಭೂಕಂದಾಯ ಕಾಯ್ದೆಯನ್ನೇ ತೆಗೆದು ನೋಡಿ. ಅಕ್ರಮವಾಗಿ ಜಮೀನು ಹಿಡಿದವರನ್ನು ಏಳಿಸಲು ಅದರಲ್ಲಿ ಅಧಿಕಾರವಿದೆ. ಆದರೆ ಮೊದಲು ನೋಟಿಸ್ ಕೊಟ್ಟು, ಖಾಲಿ ಮಾಡಲು ತಕ್ಕಷ್ಟು ಸಮಯ ಕೊಡಬೇಕೆಂದೂ ಇದೆ. 1985ರ ಓಲ್ಗಾ ಟೆಲಿಸ್ ಪ್ರಕರಣದಲ್ಲಿ, ಫುಟ್‌ಪಾತ್‌ನಲ್ಲಿ ವಾಸಿಸುವ ಹಕ್ಕು ಯಾರಿಗೂ ಇಲ್ಲ ಎಂದ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠವೇ, ಏಳಿಸುವ ಮೊದಲು ಅಲ್ಲಿರುವವರ ಮಾತು ಕೇಳಬೇಕು ಎಂದೂ ಹೇಳಿತು. ಮುಂಬೈನ ಮಳೆಗಾಲ ಮುಗಿದು ಒಂದು ತಿಂಗಳವರೆಗೆ, ಅಕ್ಟೋಬರ್ 31ರ ತನಕ, ಗುಡಿಸಲು ಮುಟ್ಟಬಾರದೆಂದು ತಡೆಯಿತು.

ನವೆಂಬರ್ 13ರ ತೀರ್ಪಿಗೆ ಒಂದು ವಾರ ಮೊದಲು ಅದೇ ಸುಪ್ರೀಂ ಕೋರ್ಟ್ ಉತ್ತರ ಪ್ರದೇಶದ ಮಹಾರಾಜ್‌ಗಂಜ್‌ನ ಮನೆಯೊಂದರ ಬಗ್ಗೆ ಆದೇಶ ಕೊಟ್ಟಿತ್ತು. ಅಲ್ಲಿ ನಡೆದದ್ದು ರಸ್ತೆ ಅಗಲೀಕರಣ. ಮನೆ ರಸ್ತೆಯನ್ನು 3.7 ಮೀಟರ್ ಒತ್ತಿದೆ ಎಂಬುದು ಸರ್ಕಾರದ ವಾದ. ಕೆಡವಿದ್ದು ಅದಕ್ಕಿಂತ ಬಹಳ ಹೆಚ್ಚು. ನೋಟಿಸ್ ಇಲ್ಲ, ಡಂಗುರ ಮಾತ್ರ. ಕೋರ್ಟ್ 25 ಲಕ್ಷ ರೂಪಾಯಿ ಪರಿಹಾರ ಕೊಡಿಸಿತು. ರಸ್ತೆ ಅಗಲ ಮಾಡುವಾಗ ಮೊದಲು ದಾಖಲೆ ನೋಡಿ, ಸರ್ವೆ ಮಾಡಿ, ನೋಟಿಸ್ ಕೊಡಿ, ಆಕ್ಷೇಪಣೆಗೆ ಕಾರಣಸಹಿತ ಉತ್ತರ ಬರೆಯಿರಿ ಎಂದು ಎಲ್ಲ ರಾಜ್ಯಗಳಿಗೂ ಹೇಳಿತು. ನಮ್ಮ ಅಧಿಕಾರಿಗಳು ವಿನಾಯಿತಿಯ ಸಾಲಿನ ಜೊತೆ ಇದನ್ನೂ ಓದಬೇಕು.

ಬೆಂಗಳೂರಿನಲ್ಲಿ 2016ರ ಆಗಸ್ಟ್‌ನಲ್ಲಿ ರಾಜಕಾಲುವೆ ತೆರವು ನಡೆದಾಗ ಮನೆ ಕಳೆದುಕೊಂಡ ಹಲವರ ಕೈಯಲ್ಲಿ ಖಾತೆಯಿತ್ತು, ಮಂಜೂರಾದ ನಕ್ಷೆಯಿತ್ತು, ತೆರಿಗೆ ರಸೀದಿಯಿತ್ತು. ಕಾಲುವೆಯ ಮೇಲೆ ಮನೆ ಕಟ್ಟಲು ಒಪ್ಪಿಗೆಯ ಮೊಹರು ಒತ್ತಿದವರೂ ಅದೇ ವ್ಯವಸ್ಥೆಯವರು. ಅಳತೆಯ ಕೆಲಸವಾದರೂ ಸಲೀಸಲ್ಲ. ಹಳೆಯ ಗ್ರಾಮ ನಕ್ಷೆ ಹಿಡಿದು ಹೊರಟ ಸರ್ವೇಯರ್‌ಗೆ ಗಡಿಕಲ್ಲೇ ಸಿಗುವುದಿಲ್ಲ; ಅದರ ಮೇಲೆ ಬಡಾವಣೆ ಎದ್ದು ಎಷ್ಟೋ ವರ್ಷ. ಉಳಿದ ಯಾವುದೋ ಗುರುತಿನಿಂದ ಅಳೆದು ಗೋಡೆಗೆ ಕೆಂಪು ಬಣ್ಣ ಬಳಿಯುತ್ತಾರೆ. ಎರಡು ಮೀಟರ್ ಆಚೀಚೆಯಾದರೆ ಒಬ್ಬರ ಅಡುಗೆಮನೆಯೇ ಹೋಗುತ್ತದೆ. ಅಂಥ ಅಳತೆಯನ್ನು ಪ್ರಶ್ನಿಸಲು ಮನೆಯವರಿಗೆ ಹದಿನೈದು ದಿನ ಕೊಟ್ಟರೆ ಸರ್ಕಾರಕ್ಕೇನು ನಷ್ಟ?

ನಿಯಮ ಪಾಲಿಸುತ್ತ ಕೂತರೆ ಒತ್ತುವರಿ ತೆರವಾಗುವುದೇ ಇಲ್ಲ ಎಂಬ ವಾದವನ್ನು ನಾನು ಒಪ್ಪುವುದಿಲ್ಲ. ನೋಟಿಸ್ ಇಲ್ಲದ, ಮಹಜರು ಇಲ್ಲದ ಕಡತ ಹೈಕೋರ್ಟಿನಲ್ಲಿ ನಿಲ್ಲುವುದು ಕಷ್ಟ. ದೊಡ್ಡ ವಕೀಲರನ್ನು ಇಟ್ಟುಕೊಳ್ಳಬಲ್ಲವನು ಅದನ್ನೇ ತೋರಿಸಿ ಸ್ಟೇ ತರುತ್ತಾನೆ, ವರ್ಷಗಟ್ಟಲೆ ಕೆರೆಯೊಳಗೇ ಉಳಿಯುತ್ತಾನೆ. ಶೆಡ್ ಹಾಕಿಕೊಂಡ ಕೂಲಿಯವನಿಗೆ ಸ್ಟೇ ತರುವ ದಾರಿಯೂ ಗೊತ್ತಿಲ್ಲ, ದುಡ್ಡೂ ಇಲ್ಲ. ಮಧ್ಯಾಹ್ನದೊಳಗೆ ಅವನ ಪಾತ್ರೆ, ಹಾಸಿಗೆ, ಮಕ್ಕಳ ಪುಸ್ತಕ ಬೀದಿಗೆ ಬಿದ್ದಿರುತ್ತವೆ. ಕೆರೆ ಉಳಿಯಬೇಕೆನ್ನುವವರಿಗೇ ಗಟ್ಟಿಯಾದ ಕಡತ ಬೇಕು.

ರಾಜ್ಯದಲ್ಲಿ ಸರ್ಕಾರಿ ಜಮೀನಿನ ಒತ್ತುವರಿಯನ್ನು ಪರಿಶೀಲಿಸಿದ ಎ.ಟಿ. ರಾಮಸ್ವಾಮಿ ಸಮಿತಿ, ವಿ. ಬಾಲಸುಬ್ರಮಣಿಯನ್ ಕಾರ್ಯಪಡೆ ಎರಡೂ ಭೂಗಳ್ಳತನದಲ್ಲಿ ಅಧಿಕಾರಿಗಳ ಪಾತ್ರವನ್ನು ಬರೆದಿಟ್ಟಿವೆ. ಇನ್ನು ಮುಂದಿನ ತೆರವು ನೋಟಿಸ್‌ಗಳಲ್ಲಿ ಒತ್ತುವರಿದಾರನ ಹೆಸರಿನ ಕೆಳಗೆ ಆ ಜಾಗಕ್ಕೆ ಖಾತೆ ಮಾಡಿದವರ, ನಕ್ಷೆ ಮಂಜೂರು ಮಾಡಿದವರ ಹೆಸರು, ಹುದ್ದೆಯೂ ಇರಲಿ. ಸರ್ವೆ ಸ್ಕೆಚ್ಚನ್ನು ವಾರ್ಡ್ ಕಚೇರಿಯ ಹಲಗೆಗೆ ಹಾಕಲಿ.