ಮಾರಿಗಿ ಸುಣ್ಣ ಹೊಡ್ಕೊಂಡಿ ಏನ?

ಹೋದ ಏಪ್ರಿಲ್‌ನಲ್ಲಿ ಎರಡು ದಿನದ ಮಟ್ಟಿಗೆ ಊರಿಗೆ, ಅಂದ್ರೆ ಕೊಡ್ಲಿಗೆ, ಹೋಗಿದ್ದೆ. ಬೆಳಿಗ್ಗೆ ಸನ್‌ಸ್ಕ್ರೀನ್ ಹಚ್ಕೊಂಡು ಹೊರಗೆ ಬಂದೆ. ಕಟ್ಟೆ ಮೇಲೆ ಕೂತಿದ್ದ ಆಯಿ ನನ್ನನ್ನ ಮೇಲಿಂದ ಕೆಳಗೆ ನೋಡಿ, "ಯಾಕವ್ವಾ, ಮಾರಿಗಿ ಸುಣ್ಣ ಹೊಡ್ಕೊಂಡಿ ಏನ?" ಅಂದ್ಳು. ಸೇಡಂ, ವಾಡಿ, ಶಹಾಬಾದ್ ಕಡೆ ಎಲ್ಲಿ ಅಗೆದ್ರೂ ಸುಣ್ಣದಕಲ್ಲೇ. ಸುಣ್ಣದ ವಿಷಯದಲ್ಲಿ ನಮ್ಮ ಕಡೆಯವರ ಮಾತು ತಳ್ಳಿಹಾಕೋ ಹಾಗಿಲ್ಲ.

ಆಯಿ ಹೇಳಿದ್ದು ಅರ್ಧ ನಿಜಾನೇ. ನನ್ನ ಟ್ಯೂಬಿನಲ್ಲಿ ಇದ್ದದ್ದು ಝಿಂಕ್ ಆಕ್ಸೈಡ್ ಮತ್ತು ಟೈಟಾನಿಯಂ ಡೈಆಕ್ಸೈಡ್. ಈ ಎರಡನೆಯದನ್ನ ಗೋಡೆಗೆ ಹೊಡೆಯೋ ಬಿಳಿ ಪೇಂಟಿಗೂ ಹಾಕ್ತಾರೆ. ನಮ್ಮಂಥ ಕಂದು ಬಣ್ಣದ ಮುಖದ ಮೇಲೆ ಅದು ಬೂದಿ ಬಳಿದ ಹಾಗೆ ಕಾಣತ್ತೆ. ಹಾಗಾಗಿ ನನಗೆ ನಗು ಬಂತು. ತಲೆ ಕೆಟ್ಟದ್ದು ಆಮೇಲೆ, ಅಕ್ಕನ ಜೊತೆ ಮಾತಾಡುವಾಗ.

ಅಕ್ಕ ಅಂದ್ರೆ ದೊಡ್ಡಪ್ಪನ ಮಗಳು. ಎರಡನೇ ಹೆರಿಗೆ ಆದಮೇಲೆ ಎರಡೂ ಕೆನ್ನೆ ಮೇಲೆ ಬಂಗು ಬಂದಿದೆ. ಸ್ಕೂಟಿ ಮೇಲೆ ದಿನಾ ಸ್ಕೂಲಿಗೆ ಪಾಠ ಮಾಡೋಕೆ ಹೋಗ್ತಾಳೆ. ನಾಲ್ಕು ಜನ ಕೇಳ್ತಾರೆ ಅಂತ ಬಂಗಿನ ಮೇಲೆ ಫೌಂಡೇಶನ್, ಅದರ ಮೇಲೆ ಪೌಡರ್. ಕೆಳಗೆ ಸನ್‌ಸ್ಕ್ರೀನ್ ಹಚ್ತೀಯಾ ಅಂತ ಕೇಳಿದ್ರೆ ಫೌಂಡೇಶನ್ ಬಾಟಲಿ ತಿರುಗಿಸಿ ತೋರಿಸಿದ್ಳು. "ಇದ್ರಾಗೇ ಅದ ಅಲ್ಲಾ, ನೋಡು, ಎಸ್‌ಪಿಎಫ್ 15 ಅಂತ ಬರದಾರ."

ಬರೆದಿರೋದು ಸುಳ್ಳಲ್ಲ. ಆದ್ರೆ ಅಕ್ಕನಿಗೆ ಅದರಿಂದ ಸಿಗ್ತಿರೋದು 15 ಅಲ್ಲ. ನಮ್ಮ ಹಾಸ್ಟೆಲಿನಲ್ಲೂ ಬೆಳಿಗ್ಗೆ ಎಂಟೂಮುಕ್ಕಾಲಿಗೆ ಕನ್ನಡಿ ಮುಂದೆ ಇದೇ ನಂಬಿಕೆ ನಡೀತಾ ಇದೆ. ಅದಕ್ಕೇ ಇದನ್ನ ಬರೀತಿದ್ದೀನಿ.

ಎಸ್‌ಪಿಎಫ್ ಅಳೆಯುವಾಗ ಲ್ಯಾಬ್‌ನಲ್ಲಿ ಚರ್ಮದ ಒಂದು ಚದರ ಸೆಂಟಿಮೀಟರಿಗೆ 2 ಮಿಲಿಗ್ರಾಂ ಹಚ್ತಾರೆ. ಮುಖ ಸುಮಾರು 600 ಚದರ ಸೆಂಟಿಮೀಟರ್ ಅಂತ ಹಿಡಿದ್ರೆ 1.2 ಗ್ರಾಂ ಆಯ್ತು. ಅಷ್ಟು ಫೌಂಡೇಶನ್ ಮುಖಕ್ಕೆ ಮೆತ್ತಿದ್ರೆ ಸ್ಕೂಲಿಗೆ ಅಲ್ಲ, ಸೀದಾ ಬಯಲಾಟದ ಅಟ್ಟಕ್ಕೆ ಹತ್ತಬಹುದು. ಸಾಮಾನ್ಯವಾಗಿ ಎಲ್ಲರೂ ಹಚ್ಚೋದು ಅದರ ಕಾಲುಭಾಗವೋ ಇನ್ನೂ ಕಮ್ಮಿಯೋ. ಫಸ್ಟ್ ಇಯರ್ ಕೆಮಿಸ್ಟ್ರಿ ಲ್ಯಾಬ್‌ನಲ್ಲಿ ಕಲರಿಮೀಟರ್ ಇಟ್ಕೊಂಡು ತಾಮ್ರ ಅಳೆದದ್ದು ನೆನಪಿದ್ಯಾ? ಬಿಯರ್-ಲ್ಯಾಂಬರ್ಟ್ ನಿಯಮ. ಪದರದ ದಪ್ಪ ಅರ್ಧ ಆದ್ರೆ ರಕ್ಷಣೆ ಅರ್ಧ ಆಗಲ್ಲ, ವರ್ಗಮೂಲಕ್ಕೆ ಇಳಿಯತ್ತೆ. ಆ ಲೆಕ್ಕದಲ್ಲಿ 50 ಇದ್ದದ್ದು ಅರ್ಧ ಹಚ್ಚಿದ್ರೆ 7ರ ಹತ್ತಿರ. 15 ಇದ್ದದ್ದು ಕಾಲುಭಾಗ ಹಚ್ಚಿದ್ರೆ ಬರೀ 2. ಚರ್ಮ ಗಾಜಿನ ಕ್ಯುವೆಟ್ ಅಲ್ಲ, ಅದರಲ್ಲಿ ಉಬ್ಬುತಗ್ಗು ಇರತ್ತೆ, ಲೆಕ್ಕ ಹೀಗೇ ಕರಾರುವಾಕ್ಕಾಗಿ ಕೂರಲ್ಲ, ಒಪ್ತೀನಿ. ಆದ್ರೂ ಅಕ್ಕನ ಬಾಟಲಿ ಯಾಕೆ ಸಾಲಲ್ಲ ಅಂತ ಅರ್ಥ ಆಗೋಕೆ ಇಷ್ಟು ಸಾಕು. ಹಾಗೇ ಕೆಳಗೆ 50, ಮೇಲೆ 15 ಹಚ್ಚಿದ್ರೆ 65 ಆಗಲ್ಲ. ಇವು ಇಂಟರ್ನಲ್ಸ್ ಮಾರ್ಕ್ಸ್ ಅಲ್ಲ ಕೂಡಿಸೋಕೆ.

ಅಂದ್ರೆ ಸನ್‌ಸ್ಕ್ರೀನ್ ಬೇರೆ ಪದರ, ಮೇಕಪ್ ಬೇರೆ ಪದರ. ಮೊದಲು ಮಾಯಿಶ್ಚರೈಸರ್, ಅದೂ ಚರ್ಮ ಒಣ ಇದ್ರೆ ಮಾತ್ರ. ಆಮೇಲೆ ತೋರುಬೆರಳು, ಮಧ್ಯದ ಬೆರಳಿನ ಉದ್ದಕ್ಕೂ ಎರಡು ಗೆರೆ ಸನ್‌ಸ್ಕ್ರೀನ್, ಮುಖಕ್ಕೂ ಕುತ್ತಿಗೆಗೂ ಸೇರಿ. ಕಿವಿ ಮರೀಬೇಡಿ. ಆಮೇಲೆ ಕಾಯಬೇಕು. ಎಲ್ಲರೂ ಎಡವೋದು ಇಲ್ಲೇ. ಸಿಮೆಂಟ್ ಫ್ಯಾಕ್ಟರಿಗಳ ಮಧ್ಯೆ ಬೆಳೆದವರಿಗೆ ಹಸಿ ಗಿಲಾವಿನ ಮೇಲೆ ಕೈ ಆಡಿಸಬಾರದು ಅಂತ ನಾನು ಹೇಳಿಕೊಡಬೇಕಾ? ಸನ್‌ಸ್ಕ್ರೀನ್ ಒಣಗಿ ಒಂದು ತೆಳು ಪೊರೆ ಆಗೋಕೆ ಸ್ವಲ್ಪ ಹೊತ್ತು ಬೇಕು. ಅಷ್ಟರೊಳಗೆ ಫೌಂಡೇಶನ್ ಹಾಕಿ ಉಜ್ಜಿದ್ರೆ ಕೆಳಗಿನದ್ದು ಕಿತ್ಕೊಂಡು ಬರತ್ತೆ. ರಬ್ಬರ್‌ನಲ್ಲಿ ಅಳಿಸಿದಾಗ ಉದುರೋ ಥರ ಮುಖದಿಂದ ಚೂರುಚೂರು ಉದುರೋದು ಇದಕ್ಕೇ. ಹತ್ತು ಹದಿನೈದು ನಿಮಿಷ ಬಿಡಿ, ತಲೆ ಬಾಚ್ಕೊಳ್ಳಿ, ನಾಷ್ಟಾ ಮಾಡಿ. ಆಮೇಲೆ ಮೇಕಪ್ಪನ್ನ ಉಜ್ಜದೆ ಒತ್ತಿ ಒತ್ತಿ ಹಚ್ಚಿ. ಟೈಮ್ ಉಳಿಸೋಕೆ ಎರಡನ್ನೂ ಅಂಗೈಯಲ್ಲೇ ಕಲಸಿ ಹಚ್ಚೋರೂ ಇದ್ದಾರೆ. ಹಾಗೆ ಕಲಸಿದ ಮೇಲೆ ಅದು ಕಂಪನಿಯವರು ಟೆಸ್ಟ್ ಮಾಡಿದ ವಸ್ತುವಾಗಿ ಉಳಿಯಲ್ಲ, ಟ್ಯೂಬಿನ ಮೇಲಿನ ನಂಬರ್ ಅದಕ್ಕೆ ಅನ್ವಯಿಸಲ್ಲ.

ಮೇಕಪ್ಪಿನ ಪರವಾಗಿಯೂ ಒಂದು ಮಾತು ಹೇಳಬೇಕು, ಇಲ್ಲಾಂದ್ರೆ ಅಕ್ಕನಿಗೆ ಅನ್ಯಾಯ. ಬಂಗು ಹೆಚ್ಚಾಗೋದು ಯುವಿಯಿಂದ ಮಾತ್ರ ಅಲ್ಲ, ಕಣ್ಣಿಗೆ ಕಾಣೋ ಬೆಳಕಿನಿಂದಲೂ ಹೆಚ್ಚಾಗತ್ತೆ. ಅದರಲ್ಲೂ ಕಂದು ಚರ್ಮದವರಿಗೆ. ಬಣ್ಣ ಇಲ್ಲದ ಸನ್‌ಸ್ಕ್ರೀನ್ ಆ ಬೆಳಕನ್ನ ಸರಿಯಾಗಿ ತಡೆಯಲ್ಲ. ಫೌಂಡೇಶನ್‌ಗೆ ಬಣ್ಣ ಕೊಡೋ ಐರನ್ ಆಕ್ಸೈಡ್ ತಡೆಯತ್ತೆ. ಹಾಗಾಗಿ ಅಕ್ಕ ಮಾಡ್ತಿದ್ದದ್ದು ಪೂರ್ತಿ ದಂಡ ಅಲ್ಲ, ಕೆಳಗಿನ ಪದರ ಇರಲಿಲ್ಲ ಅಷ್ಟೇ. "ಮೇಕಪ್ ಯಾಕೆ ಬೇಕು" ಅಂತ ಭಾಷಣ ಮಾಡೋ ನಮ್ಮ ಕ್ಲಾಸಿನ ಮಹಾನುಭಾವರು ಇದನ್ನ ಗಮನಿಸಬೇಕು.

ಎರಡು ಗಂಟೆಗೊಮ್ಮೆ ಮತ್ತೆ ಹಚ್ಚಿ ಅಂತ ಎಲ್ಲಾ ಟ್ಯೂಬಿನ ಮೇಲೂ ಇರತ್ತೆ. ದಿನವಿಡೀ ಕ್ಲಾಸಿನೊಳಗೆ ಕಿಟಕಿಯಿಂದ ದೂರ ಕೂತೋರು ಅಷ್ಟು ತಲೆ ಕೆಡಿಸಿಕೊಳ್ಳೋದು ಬೇಡ ಅನ್ನೋದು ನನ್ನ ಅಭಿಪ್ರಾಯ. ಆದ್ರೆ ಸರ್ವೇ ಪ್ರಾಕ್ಟಿಕಲ್ ಇರೋ ಸಿವಿಲ್‌ನವರು, ಎನ್‌ಎಸ್‌ಎಸ್ ಕ್ಯಾಂಪಿನವರು, ಕ್ರಿಕೆಟ್ ಆಡೋರು ಹಚ್ಚಲೇಬೇಕು. ಬಸ್ಸಿನ ಕಿಟಕಿ ಪಕ್ಕ ಕೂತು ಊರಿಗೆ ಹೋಗೋರೂ ಅಷ್ಟೇ, ಗಾಜು ಯುವಿ-ಬಿ ತಡೆದ್ರೂ ಯುವಿ-ಎ ಬಹಳಷ್ಟು ಒಳಗೆ ಬರತ್ತೆ. ಮೇಕಪ್ ಇದ್ರೆ ಮೊದಲು ಬೆವರನ್ನ ಕರ್ಚೀಫಿನಿಂದ ಒತ್ತಿ ತೆಗೆದು, ಸ್ಪಾಂಜಿನಿಂದ ಸನ್‌ಸ್ಕ್ರೀನ್ ಒತ್ತಿ ಹಚ್ಚಬಹುದು. ಎಸ್‌ಪಿಎಫ್ ಇರೋ ಪೌಡರ್ ಮೇಲೆ ನನಗೆ ನಂಬಿಕೆ ಇಲ್ಲ, ಕಾರಣ ಮತ್ತೆ ಅದೇ 1.2 ಗ್ರಾಂ.

ನಮ್ಮ ಭಾಗದಲ್ಲಿ ಬಿಸಿಲು ಅಂದ್ರೆ ಸೆಕೆ ಅಂತ ಲೆಕ್ಕ. 42 ಡಿಗ್ರಿ ದಾಟಿದಾಗ ಮಾತ್ರ ಎಲ್ಲರಿಗೂ ಹೆದರಿಕೆ. ಏಪ್ರಿಲ್, ಮೇ ಬಂತು ಅಂದ್ರೆ ಕಲಬುರಗಿ ವಿಭಾಗದ ಸರ್ಕಾರಿ ಆಫೀಸುಗಳ ಟೈಮು ಬೆಳಿಗ್ಗೆ 8ರಿಂದ ಮಧ್ಯಾಹ್ನ 1:30. ಒಳ್ಳೇದೇ. ಆದ್ರೆ ಬಿಡುಗಡೆ ಆಗೋದು ಸರಿಯಾಗಿ ಯುವಿ ತಾರಕಕ್ಕೆ ಏರಿರೋ ಹೊತ್ತಿಗೆ! ಯುವಿಗೂ ಸೆಕೆಗೂ ನೇರ ಸಂಬಂಧ ಇಲ್ಲ, ಸೂರ್ಯ ಎಷ್ಟು ನೆತ್ತಿಗೆ ಬಂದಿದ್ದಾನೆ ಅನ್ನೋದು ಮುಖ್ಯ. ನಾವಿರೋದು 17 ಡಿಗ್ರಿ ಅಕ್ಷಾಂಶದ ಆಸುಪಾಸಿನಲ್ಲಿ. ಇಲ್ಲಿ ಸೂರ್ಯ ವರ್ಷಕ್ಕೆ ಎರಡು ಸಲ ನಡುನೆತ್ತಿಗೆ ಬರ್ತಾನೆ, ಮೇ ಎರಡನೇ ವಾರದ ಸುಮಾರಿಗೆ ಒಮ್ಮೆ, ಆಗಸ್ಟ್ ಮೊದಲ ವಾರದ ಸುಮಾರಿಗೆ ಇನ್ನೊಮ್ಮೆ. ಆಗಸ್ಟ್‌ನಲ್ಲಿ ಮೋಡ ಇರತ್ತೆ, ತಂಪು ಅನಿಸತ್ತೆ, ಯಾರೂ ಏನೂ ಹಚ್ಚಲ್ಲ. ತೊಗರಿ ಹೊಲದಲ್ಲಿ ಕಳೆ ತೆಗೆಯೋ ಕೆಲಸ ಜೋರಾಗಿ ನಡೆಯೋದೂ ಆಗಲೇ.

ಹಾಗಾದ್ರೆ ಆ ಹೊಲದ ಹೆಣ್ಣುಮಕ್ಕಳಿಗೂ ಎರಡು ಬೆರಳು ಸನ್‌ಸ್ಕ್ರೀನ್ ಹಚ್ಚಿ ಅಂತ ಹೇಳೋದಾ? ಲೆಕ್ಕ ಹಾಕಿ ನೋಡ್ದೆ. ನನ್ನ 50 ಗ್ರಾಂ ಟ್ಯೂಬಿಗೆ 399 ರೂಪಾಯಿ. ದಿನಕ್ಕೆ ಒಂದೇ ಸಲ ಮುಖಕ್ಕೆ ಮಾತ್ರ ಹಚ್ಚಿದ್ರೂ 40 ದಿನಕ್ಕೆ ಖಾಲಿ, ಎರಡು ಸಲ ಆದ್ರೆ 20 ದಿನ. 2025-26ರಲ್ಲಿ ಕರ್ನಾಟಕದ ನರೇಗಾ ದಿನಗೂಲಿ 370 ರೂಪಾಯಿ. ಒಂದು ದಿನ ಪೂರ್ತಿ ದುಡಿದ್ರೂ ಒಂದು ಟ್ಯೂಬ್ ಬರಲ್ಲ. ಇನ್ನೊಂದು ವಿಚಿತ್ರ ಕೇಳಿ. 2025ರ ಸೆಪ್ಟೆಂಬರ್ 22ರಿಂದ ಫೇಸ್ ಪೌಡರ್, ಟಾಲ್ಕಂ ಪೌಡರ್ ಮೇಲಿನ ಜಿಎಸ್‌ಟಿ 18ರಿಂದ 5 ಪರ್ಸೆಂಟಿಗೆ ಇಳೀತು. ಸನ್‌ಸ್ಕ್ರೀನ್ ಮಾತ್ರ 18ರಲ್ಲೇ ಉಳೀತು. ಮುಖ ಬೆಳ್ಳಗೆ ಕಾಣಿಸೋದು ದಿನಬಳಕೆ, ಮುಖ ಕಾಪಾಡೋದು ಶೋಕಿ ಅಂತಾನಾ? ಪೌಡರ್ ಅಗ್ಗ ಆಗಿದ್ದಕ್ಕೆ ನನ್ನ ತಕರಾರಿಲ್ಲ. ಇದನ್ನೂ ಇಳಿಸಿ ಅಂತೀನಿ.

ಆ ಹೆಣ್ಣುಮಕ್ಕಳು ಸೀರೆ ಮೇಲೆ ಗಂಡಸರ ತುಂಬುತೋಳಿನ ಅಂಗಿ ಹಾಕ್ತಾರೆ, ತಲೆ, ಕಿವಿ, ಕೆನ್ನೆ ಸುತ್ತಿ ವಸ್ತ್ರ ಕಟ್ತಾರೆ. ಅದೂ ಪದರವೇ. ಒಣಗಲಿ ಅಂತ ಕಾಯಬೇಕಿಲ್ಲ, ಎರಡು ಗಂಟೆಗೊಮ್ಮೆ ಹಚ್ಚಬೇಕಿಲ್ಲ, ಜಿಎಸ್‌ಟಿ ಚಿಂತೆ ಇಲ್ಲ. ನಮ್ಮ ಕ್ಯಾಂಪಸ್ಸಿನಲ್ಲಿ ಮುಖಕ್ಕೆ ವೇಲ್ ಸುತ್ಕೊಂಡು ಸ್ಕೂಟಿ ಓಡಿಸೋ ಹುಡುಗಿಯರನ್ನ ನೋಡಿ "ಡಕಾಯಿತರು" ಅಂತ ನಗೋ ಹುಡುಗರು ಇದನ್ನ ಸ್ವಲ್ಪ ಯೋಚಿಸಲಿ. ಅವರದ್ದೇ ಮೂಗಿನ ತುದಿ ಸುಟ್ಟು ಸಿಪ್ಪೆ ಏಳ್ತಿರತ್ತೆ, ಸನ್‌ಸ್ಕ್ರೀನ್ ಕೊಟ್ರೆ "ಅದು ಹುಡುಗೀರ್ದು" ಅಂತಾರೆ.

ಅವರನ್ನೇ ಪೂರ್ತಿ ಬಯ್ಯೋಕೂ ಆಗಲ್ಲ. ನಾನು ಮೊದಲ ಸಲ ಅಂಗಡಿಗೆ ಹೋಗಿ ಸನ್‌ಸ್ಕ್ರೀನ್ ಕೇಳಿದಾಗ ಅಂಗಡಿಯವರು "ಬೆಳ್ಳಗಾಗೋದು ಕೊಡ್ಲಾ?" ಅಂದ್ರು. 1975ರಲ್ಲಿ ಬಂದ ಫೇರ್ ಅಂಡ್ ಲವ್ಲಿ 2020ರಲ್ಲಿ ಗ್ಲೋ ಅಂಡ್ ಲವ್ಲಿ ಅಂತ ಹೆಸರು ಬದಲಿಸ್ಕೊಂಡಿತು, ನಮ್ಮ ಅಂಗಡಿ ಕಟ್ಟೆಯ ಮಾತು ಬದಲಾಗಲಿಲ್ಲ. ನಾನು ಕಪ್ಪಿದ್ದೀನಿ, ಹೀಗೇ ಇರ್ತೀನಿ. ಸನ್‌ಸ್ಕ್ರೀನ್ ಹಚ್ಚೋದು ಬಣ್ಣ ಬದಲಾಗಲಿ ಅಂತ ಅಲ್ಲ, ಅಕ್ಕನ ಹಾಗೆ ನಾಳೆ ನಾಲ್ಕು ಜನರ ಕಣ್ಣಿಗೆ ಹೆದರಿ ಕೆನ್ನೆ ಮುಚ್ಕೊಂಡು ಓಡಾಡಬಾರದು ಅಂತ.

ಅಕ್ಕ ಈಗ ಕೆಳಗಿನ ಪದರ ಹಚ್ತಿದ್ದಾಳೆ. ಬಂಗು ಹೋಗಿಲ್ಲ. ಸನ್‌ಸ್ಕ್ರೀನ್ ಒಂದರಿಂದಲೇ ಹೋಗೋದೂ ಇಲ್ಲ, ಚರ್ಮದ ಡಾಕ್ಟರಿಗೆ ತೋರಿಸು ಅಂತ ಹೇಳಿದ್ದೀನಿ. ಹೋದ ವಾರ ಫೋನ್ ಮಾಡಿ, "ಕುಂಕುಮ ಯಾವಾಗ ಹಚ್ಕೋಬೇಕು, ಮೊದ್ಲೋ ಆಮ್ಯಾಲೋ?" ಅಂತ ಕೇಳಿದ್ಳು. ಎಲ್ಲಾ ಆದಮೇಲೆ ಅಂದೆ.

ಬಿಳಿ ಟ್ಯೂಬ್ ಮುಗಿದಿತ್ತು, ಈ ಸಲ ಐರನ್ ಆಕ್ಸೈಡ್ ಇರೋ ಬಣ್ಣದ ಸನ್‌ಸ್ಕ್ರೀನ್ ತಂದಿದ್ದೆ. ವಿಡಿಯೋ ಕಾಲ್‌ನಲ್ಲಿ ಅಕ್ಕನ ಪಕ್ಕ ಕೂತಿದ್ದ ಆಯಿ ಸ್ಕ್ರೀನಿನ ಹತ್ತಿರ ಬಂದು ನೋಡಿದ್ಳು. "ಈಗೇನು ಕೆಮ್ಮಣ್ಣು ಹಚ್ಕೊಂಡಿ?" ಈ ಸಲವೂ ಅರ್ಧ ನಿಜಾನೇ, ಕೆಮ್ಮಣ್ಣಿಗೆ ಕೆಂಪು ಬರೋದು ಐರನ್ ಆಕ್ಸೈಡಿನಿಂದಲೇ.