ಕಾರು ನಿಲ್ಲಿಸದವರು

ಮೊನ್ನೆ ಶನಿವಾರ ರಾತ್ರಿ ಮಕ್ಕಳು ಮಲಗಿದ ಮೇಲೆ, ಲೈಬ್ರರಿಯಿಂದ ತಂದಿದ್ದ ಒಂದು ಡಿವಿಡಿ ಹಾಕಿಕೊಂಡು ಕೂತೆ. 1955ರ ಸ್ಪ್ಯಾನಿಷ್ ಸಿನಿಮಾ, ‘ಮುಎರ್ತೆ ದೆ ಉನ್ ಸಿಕ್ಲಿಸ್ತಾ’. ಅಂದರೆ ಒಬ್ಬ ಸೈಕಲ್ ಸವಾರನ ಸಾವು. ನಿರ್ದೇಶಕ ಹ್ವಾನ್ ಆಂಟೋನಿಯೋ ಬಾರ್ದೆಮ್. ಇವತ್ತು ಎಲ್ಲರಿಗೂ ಗೊತ್ತಿರುವ ನಟ ಹಾವಿಯೆರ್ ಬಾರ್ದೆಮ್‌ಗೆ ಸೋದರಮಾವ. ಕಪ್ಪು ಬಿಳುಪಿನ ಚಿತ್ರ, ಒಂದೂವರೆ ಗಂಟೆಯೊಳಗೆ ಮುಗಿದೇ ಹೋಯಿತು. ನಿದ್ದೆ ಮಾತ್ರ ಹತ್ತಿರ ಸುಳಿಯಲಿಲ್ಲ.

(ಕಥೆ ಪೂರ್ತಿ ಹೇಳಿಬಿಡ್ತೀನಿ. ನೋಡಬೇಕು ಅನ್ನೋರು ಇಲ್ಲಿಗೇ ನಿಲ್ಲಿಸಿ, ನೋಡಿಕೊಂಡು ಬನ್ನಿ!)

ಮ್ಯಾಡ್ರಿಡ್ ಹೊರವಲಯದ ಖಾಲಿ ರಸ್ತೆ. ದೊಡ್ಡ ಉದ್ಯಮಿಯೊಬ್ಬನ ಹೆಂಡತಿ ಮರಿಯಾ ಹೋಸೆ ಕಾರು ಓಡಿಸುತ್ತಿದ್ದಾಳೆ, ಪಕ್ಕದಲ್ಲಿ ಅವಳ ಹಳೇ ಪ್ರೇಮಿ ಹ್ವಾನ್, ಯೂನಿವರ್ಸಿಟಿ ಮೇಷ್ಟ್ರು. ಕಾರು ಒಬ್ಬ ಸೈಕಲ್ ಸವಾರನಿಗೆ ಗುದ್ದುತ್ತದೆ. ಹ್ವಾನ್ ಇಳಿದು ನೋಡುತ್ತಾನೆ, ಜೀವ ಇದೆ. ಆಸ್ಪತ್ರೆಗೆ ಸೇರಿಸಿದರೆ ತಮ್ಮ ಗುಟ್ಟು ಬಯಲಾಗುತ್ತದೆ. ಅವಳು ಕರೆಯುತ್ತಾಳೆ, ಇವನು ಕಾರು ಹತ್ತುತ್ತಾನೆ. ಆ ಮನುಷ್ಯ ಸಾಯುತ್ತಾನೆ. ಅಷ್ಟೇ. ಉಳಿದದ್ದೆಲ್ಲ ಭಯದ ಕಥೆ. ರಾಫಾ ಅನ್ನೋ ಕಲಾವಿಮರ್ಶಕನೊಬ್ಬ ಪಾರ್ಟಿಗಳಲ್ಲಿ ‘ನನಗೆ ಎಲ್ಲಾ ಗೊತ್ತು’ ಅನ್ನುವ ಹಾಗೆ ಹಲ್ಲು ಕಿರಿಯುತ್ತಾ ಸುತ್ತುತ್ತಾನೆ. ಅವನಿಗೆ ಗೊತ್ತಿರೋದು ಪ್ರೇಮದ ಗುಟ್ಟೋ, ಸಾವಿನ ಗುಟ್ಟೋ ಅಂತ ಇವರಿಬ್ಬರೂ ಒಳಗೊಳಗೇ ಬೇಯುತ್ತಾರೆ.

ಇದನ್ನು ಎಲ್ಲರೂ ‘ನಿಷಿದ್ಧ ಪ್ರೇಮದ ಕಥೆ’ ಅಂತಲೇ ಪರಿಚಯಿಸುತ್ತಾರೆ. ನನಗೇನೋ ಹಾಗನ್ನಿಸಲಿಲ್ಲ. ಪ್ರೇಮ ಇಲ್ಲಿ ಬರೀ ನೆಪ. ನಿಜ, ಫ್ರಾಂಕೋ ಕಾಲದ ಸ್ಪೇನಿನಲ್ಲಿ ಹೆಂಡತಿಯ ವ್ಯಭಿಚಾರ ಜೈಲಿಗೆ ಕಳಿಸುವಂಥ ಅಪರಾಧವಾಗಿತ್ತು. ಆ ಕಾನೂನು ಹೋಗಿದ್ದು 1978ರಲ್ಲಿ, ವಿಚ್ಛೇದನಕ್ಕೆ ಮತ್ತೆ ಅವಕಾಶ ಸಿಕ್ಕಿದ್ದು 1981ರಲ್ಲಿ. ಹಾಗಾಗಿ ಅವಳ ಹೆದರಿಕೆ ಸುಳ್ಳಲ್ಲ. ಆದರೆ ಮರಿಯಾ ಹೋಸೆ ಕಾಪಾಡಿಕೊಳ್ಳಲು ಒದ್ದಾಡುವುದು ಪ್ರೇಮವನ್ನಲ್ಲ. ಮನೆ, ತುಪ್ಪಳದ ಕೋಟು, ಸಮಾಜದಲ್ಲಿನ ಸ್ಥಾನವನ್ನು. ಹ್ವಾನ್‌ನ ಕೆಲಸವೂ ಭಾವನ ವಶೀಲಿಯಿಂದ ಸಿಕ್ಕಿದ್ದೇ. ಸತ್ತವನನ್ನು ಕ್ಯಾಮೆರಾ ಸರಿಯಾಗಿ ತೋರಿಸುವುದೂ ಇಲ್ಲ. ಅಷ್ಟರಮಟ್ಟಿಗೆ ಅವನು ಇವರ ಲೆಕ್ಕಕ್ಕೇ ಇಲ್ಲ.

ನನಗೆ ಬಹಳ ಹಿಡಿಸಿದ್ದು ಪರೀಕ್ಷೆಯ ದೃಶ್ಯ. ಮತಿಲ್ದೆ ಅನ್ನೋ ಹುಡುಗಿ ಬೋರ್ಡಿನ ಮುಂದೆ ಲೆಕ್ಕ ಮಾಡುತ್ತಿದ್ದಾಳೆ. ಪೇಪರಿನಲ್ಲಿ ಸಾವಿನ ಸುದ್ದಿ ಓದಿ ತಲೆಕೆಟ್ಟ ಮೇಷ್ಟ್ರು ಅವಳನ್ನು ಅನ್ಯಾಯವಾಗಿ ಫೇಲ್ ಮಾಡುತ್ತಾನೆ. ಹುಡುಗರು ದಂಗೆ ಏಳುತ್ತಾರೆ. ಅಲ್ಲೊಂದು ಕಡೆ ರಾಫಾ ಸಿಟ್ಟಿನಿಂದ ಬಾಟಲಿ ಬೀಸಿ ಕಿಟಕಿಗೆ ಹೊಡೆದರೆ, ಇಲ್ಲಿ ಯೂನಿವರ್ಸಿಟಿಯ ಗಾಜು ಒಡೆಯುತ್ತದೆ. ಆ ಗಲಾಟೆಯಲ್ಲೇ ಹ್ವಾನ್‌ಗೆ ಎಚ್ಚರವಾಗುತ್ತದೆ. ಕೆಲಸ ಬಿಡುತ್ತಾನೆ, ಪೊಲೀಸರಿಗೆ ಒಪ್ಪಿಸಿಕೊಳ್ಳೋಣ ಅಂತಾನೆ. ಅವಳು ಒಪ್ಪುವುದಿಲ್ಲ. ಅದೇ ರಸ್ತೆಯಲ್ಲಿ, ಅದೇ ಕಾರು ಅವನ ಮೇಲೇ ಹರಿಸುತ್ತಾಳೆ.

ನನ್ನ ತಕರಾರು ಇರೋದೂ ಇಲ್ಲೇ. ಗಂಡಸಿಗೆ ಪಶ್ಚಾತ್ತಾಪ, ಹೆಣ್ಣಿಗೆ ದುಷ್ಟತನ, ಇದ್ಯಾವ ನ್ಯಾಯ ಸ್ವಾಮೀ? ಅವಳೂ ಬದುಕಬಾರದು ಅಂತ ಸೆನ್ಸಾರಿನವರು ಪಟ್ಟು ಹಿಡಿದರಂತೆ. ಹಾಗಾಗಿ ತಪ್ಪಿಸಿಕೊಂಡು ಓಡುವಾಗ ಎದುರು ಬಂದ ಇನ್ನೊಬ್ಬ ಸೈಕಲ್ ಸವಾರನನ್ನು ತಪ್ಪಿಸಲು ಹೋಗಿ ಅವಳ ಕಾರು ಸೇತುವೆಯಿಂದ ಬೀಳುತ್ತದೆ. ಆದರೆ ಬಾರ್ದೆಮ್ ಕೊನೇ ಚಿತ್ರಿಕೆ ಸೆನ್ಸಾರಿಗೆ ಬಿಟ್ಟುಕೊಡಲಿಲ್ಲ. ಆ ಸೈಕಲ್ಲಿನವನು ನಿಲ್ಲುತ್ತಾನೆ, ಸತ್ತವಳನ್ನು ನೋಡುತ್ತಾನೆ, ಒಂದು ಕ್ಷಣ ಅನುಮಾನಿಸುತ್ತಾನೆ, ಆಮೇಲೆ ಸಹಾಯ ಕರೆಯಲು ದೀಪ ಕಾಣುವ ಕಡೆಗೆ ಸೈಕಲ್ ತುಳಿಯುತ್ತಾನೆ. ಕಾರಿದ್ದವರು ಮಾಡದ ಕೆಲಸವನ್ನು ಸೈಕಲ್ಲಿನವನು ಮಾಡುತ್ತಾನೆ. ಇಡೀ ಸಿನಿಮಾ ಇರೋದು ಆ ಅರ್ಧ ನಿಮಿಷದಲ್ಲಿ. ಕಾನ್ ಉತ್ಸವದಲ್ಲಿ ಇದಕ್ಕೆ ವಿಮರ್ಶಕರ ಪ್ರಶಸ್ತಿ ಬಂತು. ಮರುವರ್ಷ, 1956ರಲ್ಲಿ, ಮುಂದಿನ ಚಿತ್ರದ ಶೂಟಿಂಗ್ ನಡುವೆಯೇ ಬಾರ್ದೆಮ್‌ರನ್ನು ಬಂಧಿಸಿದರು. ಸರ್ಕಾರಕ್ಕೆ ಚುಚ್ಚಬೇಕಾದ ಕಡೆಗೇ ಚುಚ್ಚಿತ್ತು ಅಂತಾಯ್ತು.

ಇನ್ನು ನಿದ್ದೆ ಬರದ ಕಾರಣ. ಈ ದೇಶಕ್ಕೆ ಬಂದ ಹೊಸತು. ಹಿಮ ಬೀಳುತ್ತಿದ್ದ ಒಂದು ರಾತ್ರಿ ಫ್ರೀವೇ ಪಕ್ಕದ ಹಳ್ಳದಲ್ಲಿ ಒಂದು ಕಾರು ವಾಲಿಕೊಂಡಿದ್ದು ಕಂಡಿತು, ದೀಪ ಇನ್ನೂ ಉರಿಯುತ್ತಿತ್ತು. ಕಾಲು ಬ್ರೇಕಿನ ಮೇಲೆ ಹೋಯಿತು. ಅಷ್ಟರಲ್ಲಿ ತಲೆ ಲೆಕ್ಕ ಹಾಕಿತು: ವೀಸಾ, ಪೊಲೀಸು, ಬಾರದ ಭಾಷೆ, ‘ಯಾರಾದರೂ ಆಗಲೇ ಫೋನ್ ಮಾಡಿರ್ತಾರೆ ಬಿಡು’. ನಾನು ಗುದ್ದಿರಲಿಲ್ಲ, ಯಾರಿಗೂ ಏನೂ ಮಾಡಿರಲಿಲ್ಲ. ಆದರೆ ನಿಲ್ಲಿಸಲೂ ಇಲ್ಲ. ಒಳಗಿದ್ದವರು ಏನಾದರೋ ಇವತ್ತಿಗೂ ಗೊತ್ತಿಲ್ಲ.

ಮರಿಯಾ ಹೋಸೆಗೆ ತುಪ್ಪಳದ ಕೋಟು, ನನಗೆ ಪಾಸ್‌ಪೋರ್ಟಿನಲ್ಲಿದ್ದ ಒಂದು ಸ್ಟ್ಯಾಂಪು. ಕಳೆದುಕೊಳ್ಳುವ ಭಯ ಒಂದೇ. ಅವಳನ್ನು ಬೈಯೋಕೆ ಹೊರಟವನಿಗೆ ಅದಕ್ಕೇ ಬಾಯಿ ಕಟ್ಟಿತು.

ಸಿಕ್ಕರೆ ನೋಡಿ. ನೀವು ಯಾವತ್ತಾದರೂ ನಿಲ್ಲಿಸದೇ ಹೋಗಿದ್ದಿದ್ದರೆ, ನನಗೇನೂ ಹೇಳಬೇಕಿಲ್ಲ. ಮುಂದಿನ ಸಲ ನಿಲ್ಲಿಸಿ, ಸಾಕು. ನಾನಂತೂ ಹಾಗಂತ ಅಂದುಕೊಂಡಿದ್ದೇನೆ.